ಜಮೀನು ಕೇಳುವ ಜಾಮೀನು: ಗಡಿನಾಡಿನ ಕುಟುಂಬಗಳು ತಿಳಿದಿರಬೇಕಾದ ಕಾನೂನು

ಕಳೆದ ಮಳೆಗಾಲದಲ್ಲಿ ನಮ್ಮ ಶಾಲೆಯ ಹಳೆಯ ವಿದ್ಯಾರ್ಥಿಯೊಬ್ಬನ ತಾಯಿ ಪ್ಲಾಸ್ಟಿಕ್ ಚೀಲದಲ್ಲಿ ಕಾಗದಗಳನ್ನು ಸುತ್ತಿಕೊಂಡು ಶಾಲೆಗೆ ಬಂದರು. ಮಗ ಗಡಿಯಾಚೆ, ಕರ್ನಾಟಕದ ಒಂದು ಪಟ್ಟಣದಲ್ಲಿ ಅಂಗಡಿ ಕೆಲಸಕ್ಕಿದ್ದವನು. ಅಂಗಡಿಯ ಮುಂದೆ ನಡೆದ ಹೊಡೆದಾಟವೊಂದರ ಆರೋಪಿಗಳ ಸಾಲಿನಲ್ಲಿ ಅವನ ಹೆಸರೂ ಸೇರಿತ್ತು. ಬಂಧನವಾದ ಒಂಬತ್ತನೆಯ ದಿನ ಜಾಮೀನು ಮಂಜೂರಾಗಿತ್ತು. ಆ ತಾಯಿ ನಮ್ಮಲ್ಲಿಗೆ ಬಂದದ್ದು ಇಪ್ಪತ್ತನೆಯ ದಿನ. "ಜಾಮೀನು ಸಿಕ್ಕಿದೆ ಅಂತ ಎಲ್ಲರೂ ಹೇಳ್ತಾರೆ ಮಾಷ್ಟ್ರೇ, ಹುಡುಗ ಮಾತ್ರ ಮನೆಗೆ ಬರಲಿಲ್ಲ. ಇದು ಎಂಥ ಜಾಮೀನು?" ಎಂದು ಕೇಳಿದರು.

ಆದೇಶದ ಪ್ರತಿಯನ್ನು ಓದಿದಾಗ ವಿಷಯ ತಿಳಿಯಿತು. 50,000 ರೂಪಾಯಿಯ ವೈಯಕ್ತಿಕ ಮುಚ್ಚಳಿಕೆ, ಜೊತೆಗೆ ಅಷ್ಟೇ ಮೊತ್ತಕ್ಕೆ ಒಬ್ಬ ಸ್ಥಳೀಯ ಜಾಮೀನುದಾರ. ಹುಡುಗನ ಸೋದರಮಾವನಿಗೆ ನಮ್ಮೂರಿನಲ್ಲಿ ಅಡಿಕೆ ತೋಟವಿದೆ. ತೆರಿಗೆ ಕಟ್ಟಿದ ರಸೀದಿಯೂ ಇದೆ. ಆದರೆ ರಸೀದಿ ಇರುವುದು ಮಲಯಾಳದಲ್ಲಿ, ಭೂಮಿ ಇರುವುದು ಕೇರಳದಲ್ಲಿ. ಅಲ್ಲಿ ಕೇಳಿದ್ದು ಕರ್ನಾಟಕದ ಪಹಣಿ. ಒಂದರಿಂದ ಹತ್ತರವರೆಗೆ ಕನ್ನಡದಲ್ಲಿ ಓದಿ, ನಮ್ಮದೇ ಭಾಷೆಯ ನೆಲವೆಂದು ನಂಬಿ ಕೆಲಸಕ್ಕೆ ಹೋದ ಹುಡುಗ ಅಲ್ಲಿನ ಕಡತದಲ್ಲಿ 'ಹೊರರಾಜ್ಯದವನು' ಆಗಿದ್ದ.

ಜಾಮೀನಿನ ಸುದ್ದಿಗಳನ್ನು ನಾವು ದಿನವೂ ಓದುತ್ತೇವೆ, ನೋಡುತ್ತೇವೆ. ನಟ ದರ್ಶನ್ ಅವರಿಗೆ ಕರ್ನಾಟಕ ಹೈಕೋರ್ಟು 2024ರ ಡಿಸೆಂಬರಿನಲ್ಲಿ ನೀಡಿದ್ದ ಜಾಮೀನನ್ನು ಸುಪ್ರೀಂ ಕೋರ್ಟು 2025ರ ಆಗಸ್ಟ್ 14ರಂದು ರದ್ದುಪಡಿಸಿದಾಗ ನಮ್ಮ ತರಗತಿಗಳಲ್ಲಿಯೂ ಅದರದೇ ಮಾತು. ಆದರೆ ನ್ಯಾಯಾಲಯವು ಯಾವ ಲೆಕ್ಕದಲ್ಲಿ ಒಬ್ಬನನ್ನು ಬಿಡುತ್ತದೆ, ಇನ್ನೊಬ್ಬನನ್ನು ಇರಿಸಿಕೊಳ್ಳುತ್ತದೆ ಎಂಬುದನ್ನು ನಮ್ಮ ಮನೆಗಳಲ್ಲಿ ತಿಳಿದವರು ಕಡಿಮೆ. ತಿಳಿಯಬೇಕಾಗಿ ಬರುವುದು ಬಾಗಿಲಿಗೆ ಪೊಲೀಸರು ಬಂದ ಮೇಲೆ. ಆಗ ಸಮಾಧಾನದಿಂದ ಓದುವಷ್ಟು ಹೊತ್ತು ಯಾರಿಗೂ ಇರುವುದಿಲ್ಲ. ಆದುದರಿಂದ ಈ ಲೇಖನ.

ವಿಚಾರಣೆ ಮುಗಿದು ಅಪರಾಧ ರುಜುವಾಗುವ ತನಕ ಆರೋಪಿಯು ನಿರಪರಾಧಿಯೇ. ಹಾಗಿರುವಾಗ ವಿಚಾರಣೆಗೆ ಮೊದಲೇ ಅವನನ್ನು ಜೈಲಿನಲ್ಲಿ ಇರಿಸುವುದಕ್ಕೆ ಶಿಕ್ಷೆ ಎಂಬುದು ಕಾರಣವಾಗಲಾರದು. ಅವನು ಓಡಿಹೋಗಬಾರದು, ಸಾಕ್ಷ್ಯವನ್ನು ಕೆಡಿಸಬಾರದು, ಸಾಕ್ಷಿಗಳನ್ನು ಹೆದರಿಸಬಾರದು, ಹೊರಗೆ ಬಂದು ಅದೇ ಕೃತ್ಯವನ್ನು ಮತ್ತೆ ಮಾಡಬಾರದು. ವಿಚಾರಣಾಪೂರ್ವ ಬಂಧನಕ್ಕೆ ಇರುವ ಆಧಾರಗಳು ಇವು. ಜಾಮೀನೇ ನಿಯಮ, ಜೈಲು ಅಪವಾದ ಎಂಬ ತತ್ತ್ವವನ್ನು ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರು 1977ರಲ್ಲಿ ರಾಜಸ್ಥಾನದ ಬಾಲಚಂದ್ ಪ್ರಕರಣದಲ್ಲಿ ಸ್ಪಷ್ಟವಾಗಿ ನಿರೂಪಿಸಿದರು. ಅಂದಿನಿಂದ ಇಂದಿನವರೆಗೆ ಅದನ್ನು ಅಲ್ಲಗಳೆದ ನ್ಯಾಯಾಲಯವಿಲ್ಲ. ಆದರೆ 2022ರ ಕೊನೆಗೆ ದೇಶದ ಜೈಲುಗಳಲ್ಲಿದ್ದ 5,73,220 ಮಂದಿಯಲ್ಲಿ 4,34,302 ಮಂದಿ, ಎಂದರೆ ನೂರಕ್ಕೆ ಎಪ್ಪತ್ತೈದಕ್ಕಿಂತ ಹೆಚ್ಚು ಜನ, ವಿಚಾರಣಾಧೀನರಾಗಿದ್ದರು ಎಂದು ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೋದ ವರದಿ ಹೇಳುತ್ತದೆ. ನಿಯಮ ಯಾವುದು, ಅಪವಾದ ಯಾವುದು ಎಂಬುದನ್ನು ಈ ಅಂಕೆಗಳ ಮುಂದೆ ಮಕ್ಕಳಿಗೆ ವಿವರಿಸುವುದು ನಮಗೂ ಕಷ್ಟವಾಗುತ್ತದೆ.

ಮೊದಲು ಒಂದು ಮಾತಿನ ಗೊಂದಲವನ್ನು ಬಿಡಿಸಿಕೊಳ್ಳಬೇಕು. ಅಪರಾಧಗಳಲ್ಲಿ ಜಾಮೀನು ಸಹಿತ, ಜಾಮೀನು ರಹಿತ ಎಂದು ಎರಡು ಬಗೆ. 'ಜಾಮೀನು ರಹಿತ' ಎಂಬ ನಮ್ಮ ಪತ್ರಿಕಾ ಕನ್ನಡವು ಬಹಳ ಜನರನ್ನು ದಾರಿ ತಪ್ಪಿಸಿದೆ. ಅದನ್ನು ಓದಿದವರು ಜಾಮೀನೇ ಇಲ್ಲವೆಂದು ತಿಳಿದು ಕೈಚೆಲ್ಲಿ ಕುಳಿತದ್ದನ್ನು ನಾವು ಕಂಡಿದ್ದೇವೆ. ವಾಸ್ತವದಲ್ಲಿ ಜಾಮೀನು ಸಹಿತ ಅಪರಾಧದಲ್ಲಿ ಬಿಡುಗಡೆಯು ಆರೋಪಿಯ ಹಕ್ಕು. ಠಾಣೆಯಲ್ಲಿಯೇ ಅದನ್ನು ಕೊಡಬೇಕು. ಜಾಮೀನುದಾರನನ್ನು ಒದಗಿಸಲಾರದ ಬಡವನು ಬಂಧನವಾಗಿ ಒಂದು ವಾರ ಕಳೆದರೆ, ಅವನು ಅಶಕ್ತನೆಂದೇ ಭಾವಿಸಿ, ಅವನ ಸ್ವಂತ ಮುಚ್ಚಳಿಕೆಯ ಮೇಲೆ ಬಿಡಬೇಕೆಂದು ಕಾನೂನೇ ಹೇಳುತ್ತದೆ. ಜಾಮೀನು ರಹಿತ ಅಪರಾಧದಲ್ಲಿ ಜಾಮೀನು ಇಲ್ಲವೆಂದಲ್ಲ, ಕೊಡುವುದು ಬಿಡುವುದು ನ್ಯಾಯಾಲಯದ ವಿವೇಚನೆಗೆ ಸೇರಿದ್ದು ಎಂದು ಅರ್ಥ. 2024ರ ಜುಲೈ 1ರಿಂದ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ ಸ್ಥಾನದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. ಕಲಮುಗಳ ಸಂಖ್ಯೆ ಬದಲಾಗಿದೆ: 436 ಎಂದಿದ್ದದ್ದು 478, 437 ಎಂದಿದ್ದದ್ದು 480, ನಿರೀಕ್ಷಣಾ ಜಾಮೀನಿನ 438 ಈಗ 482. ಒಳಗಿನ ತಿರುಳು ಬಹುಮಟ್ಟಿಗೆ ಹಳೆಯದೇ.

ಹಾಗಾದರೆ ಈ ವಿವೇಚನೆ ನಡೆಯುವುದು ಹೇಗೆ? ನ್ಯಾಯಾಧೀಶರ ಮುಂದೆ ಆಗ ಸಾಕ್ಷಿಗಳಿರುವುದಿಲ್ಲ. ಇರುವುದು ಪ್ರಥಮ ವರ್ತಮಾನ ವರದಿ, ತನಿಖಾಧಿಕಾರಿಯ ಕಾಗದಗಳು, ಸರ್ಕಾರಿ ಅಭಿಯೋಜಕರ ಆಕ್ಷೇಪ ಮತ್ತು ಆರೋಪಿಯ ಅರ್ಜಿ. ಮೇಲ್ನೋಟಕ್ಕೆ ಆರೋಪದಲ್ಲಿ ಹುರುಳಿದೆಯೇ, ಅಪರಾಧ ಎಷ್ಟು ಗಂಭೀರ, ರುಜುವಾದರೆ ಶಿಕ್ಷೆ ಎಷ್ಟು, ಆರೋಪಿಗೆ ಊರು ಮನೆ ಕುಟುಂಬದ ಬೇರುಗಳಿವೆಯೇ, ಹಿಂದೆ ಪ್ರಕರಣಗಳಿವೆಯೇ, ಹೊರಗೆ ಬಂದರೆ ಸಾಕ್ಷಿಗಳಿಗೆ ಅಪಾಯವಿದೆಯೇ ಎಂಬುದನ್ನು ಅವರು ತೂಗಿ ನೋಡುತ್ತಾರೆ. ಸಾಕ್ಷ್ಯವನ್ನು ಆಳವಾಗಿ ಜಾಲಾಡಿ ತಪ್ಪಿತಸ್ಥ, ನಿರಪರಾಧಿ ಎಂದು ಆಗಲೇ ತೀರ್ಮಾನಿಸುವಂತಿಲ್ಲ. ಕಾರಣ ಕೊಡದೆ ಎರಡು ಸಾಲಿನಲ್ಲಿ ಆದೇಶ ಬರೆದು ಮುಗಿಸುವಂತೆಯೂ ಇಲ್ಲ. ಒಂದೇ ಪ್ರಕರಣದ ಇಬ್ಬರು ಆರೋಪಿಗಳಲ್ಲಿ ಒಬ್ಬನಿಗೆ ಜಾಮೀನು ಸಿಕ್ಕಿ ಇನ್ನೊಬ್ಬನಿಗೆ ಸಿಗದಿರುವುದಕ್ಕೆ ಇಬ್ಬರ ಪಾತ್ರ ಬೇರೆಯಾಗಿರುವುದು ಕಾರಣವಾಗಿರಬಹುದು. ವಕೀಲರು ಇಟ್ಟ ಕಾಗದಗಳು ಬೇರೆಯಾಗಿರುವುದೂ ಆಗಿರಬಹುದು. ನ್ಯಾಯಾಧೀಶರ ಮನೋಧರ್ಮದ ವ್ಯತ್ಯಾಸವೂ ಇರುತ್ತದೆ ಎಂಬುದನ್ನು ಮುಚ್ಚಿಟ್ಟು ಪ್ರಯೋಜನವಿಲ್ಲ.

ಮೇಲೆ ಹೇಳಿದ ಹುಡುಗನ ಅರ್ಜಿಯಲ್ಲಿ ಕೆಲಸಕ್ಕೆ ಬಂದದ್ದು ಇವು: ಹಿಂದೆ ಯಾವ ಪ್ರಕರಣವೂ ಇಲ್ಲ, ಗಾಯಾಳು ಆಸ್ಪತ್ರೆಯಿಂದ ಮನೆಗೆ ಹೋಗಿಯಾಗಿದೆ, ಅವನ ಕೈಯಿಂದ ವಶಪಡಿಸಿಕೊಳ್ಳಬೇಕಾದ ವಸ್ತು ಏನೂ ಇಲ್ಲ. ವಿರೋಧವಾಗಿ ನಿಂತದ್ದು ಒಂದೇ, 'ಹೊರರಾಜ್ಯದವನು, ತಲೆಮರೆಸಿಕೊಳ್ಳಬಹುದು'. ಅವನ ಮನೆ ಆ ಪಟ್ಟಣದಿಂದ ಬಸ್ಸಿನಲ್ಲಿ ಎರಡು ಗಂಟೆಯ ದಾರಿ. ಅದೇ ರಾಜ್ಯದ ಬೀದರಿನವನಾಗಿದ್ದರೆ ಈ ಆಕ್ಷೇಪ ಏಳುತ್ತಿತ್ತೇ?

ದರ್ಶನ್ ಪ್ರಕರಣದಿಂದ ನಾವು ಕಲಿಯಬೇಕಾದದ್ದು ನಟರ ವಿಷಯವಲ್ಲ, ಎರಡು ಕಾನೂನು ಸೂಕ್ಷ್ಮಗಳು. ಒಮ್ಮೆ ಕೊಟ್ಟ ಜಾಮೀನು ಎರಡು ದಾರಿಯಲ್ಲಿ ಹೋಗಬಹುದು. ಹೊರಗೆ ಬಂದವನು ಷರತ್ತು ಮುರಿದರೆ, ಸಾಕ್ಷಿಯನ್ನು ಬೆದರಿಸಿದರೆ ರದ್ದಾಗುವುದು ಒಂದು ದಾರಿ. ಏನೂ ತಪ್ಪು ಮಾಡದಿದ್ದರೂ, ಜಾಮೀನು ಕೊಟ್ಟ ಆದೇಶವೇ ಮುಖ್ಯ ಸಂಗತಿಗಳನ್ನು ಕಡೆಗಣಿಸಿದೆ ಎಂದು ಮೇಲಿನ ನ್ಯಾಯಾಲಯಕ್ಕೆ ಕಂಡರೆ ಆದೇಶ ಬಿದ್ದುಹೋಗುವುದು ಎರಡನೆಯದು. ಆ ಪ್ರಕರಣದಲ್ಲಿ ನ್ಯಾಯಮೂರ್ತಿಗಳಾದ ಜೆ. ಬಿ. ಪರ್ದಿವಾಲಾ ಮತ್ತು ಆರ್. ಮಹದೇವನ್ ಅವರ ಪೀಠವು ಹೈಕೋರ್ಟಿನ ಆದೇಶವನ್ನೇ ದೋಷಯುಕ್ತವೆಂದು ಕಂಡಿತು. ಪ್ರಸಿದ್ಧಿ ಯಾರಿಗೂ ವಿಶೇಷ ಹಕ್ಕು ಕೊಡುವುದಿಲ್ಲ ಎಂಬುದನ್ನೂ ಹೇಳಿತು. ಈ ಮಾತಿನ ಇನ್ನೊಂದು ಮುಖವನ್ನು ನಮ್ಮ ಕಡೆಯಿಂದ ಸೇರಿಸಬಹುದು: ಅಪ್ರಸಿದ್ಧಿ ಯಾರ ಹಕ್ಕನ್ನೂ ಕಡಿಮೆ ಮಾಡಬಾರದು. ಟಿ.ವಿ.ಯಲ್ಲಿ ದಿನಗಟ್ಟಲೆ ಚರ್ಚೆಯಾದ ಜಾಮೀನಿಗೆ ದೊಡ್ಡ ವಕೀಲರು ಎರಡೂ ಕಡೆಯಿಂದ ವಾದಿಸುತ್ತಾರೆ. ತೋಟದ ಕೆಲಸದವನ ಮಗನ ಅರ್ಜಿಗೆ ಸಿಗುವುದು ಬೆರಳೆಣಿಕೆಯ ನಿಮಿಷ.

ಸಂತ್ರಸ್ತರ ಕಡೆಯನ್ನು ಮರೆತು ಈ ವಿಷಯವನ್ನು ಬರೆಯುವುದು ಅನ್ಯಾಯ. ಹೊಡೆಸಿಕೊಂಡವನ ಮನೆಯವರಿಗೆ, ದೌರ್ಜನ್ಯಕ್ಕೆ ಒಳಗಾದ ಹುಡುಗಿಯ ತಂದೆತಾಯಿಗೆ ಆರೋಪಿ ಅದೇ ಬಸ್ಸಿನಲ್ಲಿ ಎದುರಾಗುವುದು ಸಣ್ಣ ಸಂಗತಿಯಲ್ಲ. ಲಖೀಂಪುರ್ ಖೇರಿ ಪ್ರಕರಣದ 2022ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಜಾಮೀನಿನ ಹಂತದಲ್ಲಿಯೂ ಸಂತ್ರಸ್ತರ ಮಾತನ್ನು ಕೇಳಬೇಕೆಂದು ಹೇಳಿ, ಕೇಳದೆ ಕೊಟ್ಟಿದ್ದ ಜಾಮೀನನ್ನು ಬದಿಗೆ ಸರಿಸಿತು. ಪರಿಶಿಷ್ಟ ಜಾತಿ ಮತ್ತು ಪಂಗಡಗಳ ದೌರ್ಜನ್ಯ ತಡೆ ಕಾಯಿದೆಯ 15ಎ ಕಲಮು ಸಂತ್ರಸ್ತರಿಗೆ ಈ ಹಕ್ಕನ್ನು ನೇರವಾಗಿಯೇ ಕೊಟ್ಟಿದೆ. ನಮ್ಮ ಮಕ್ಕಳು ಎರಡು ಬದಿಯಲ್ಲಿಯೂ ಇರಬಹುದಾದವರು.

ವಿಶೇಷ ಕಾಯಿದೆಗಳ ಲೋಕ ಬೇರೆ. ಮಾದಕ ವಸ್ತುಗಳ ಕಾಯಿದೆಯ 37ನೆಯ ಕಲಮಿನಂತೆ, ವಾಣಿಜ್ಯ ಪ್ರಮಾಣದ ಪ್ರಕರಣಗಳಲ್ಲಿ ಆರೋಪಿ ತಪ್ಪಿತಸ್ಥನಲ್ಲವೆಂದು ನಂಬಲು ಸಕಾರಣವಿದೆ, ಬಿಟ್ಟರೆ ಮತ್ತೆ ಅಪರಾಧ ಮಾಡಲಾರ ಎಂದು ನ್ಯಾಯಾಲಯಕ್ಕೆ ಮನವರಿಕೆಯಾಗಬೇಕು. ಜಾಮೀನಿನ ಹೊರೆ ತಿರುಗಿ ಆರೋಪಿಯ ಹೆಗಲಿಗೇರುತ್ತದೆ. ಹಣ ಅಕ್ರಮ ವರ್ಗಾವಣೆ ತಡೆ ಕಾಯಿದೆಯಲ್ಲಿಯೂ ಹೀಗೆಯೇ. 2022ರಲ್ಲಿ ಸುಪ್ರೀಂ ಕೋರ್ಟು ಇದನ್ನು ಎತ್ತಿಹಿಡಿದಿದೆ. ಭಯೋತ್ಪಾದನೆ ತಡೆಯ ಯುಎಪಿಎ ಕಾಯಿದೆ ಇನ್ನೂ ಬಿಗಿ. ಆದರೂ ಕೇರಳದ ಒಂದು ಪ್ರಕರಣದಲ್ಲಿ, ಕೆ. ಎ. ನಜೀಬ್ ಎಂಬವರ ವಿಷಯದಲ್ಲಿ, 2021ರಲ್ಲಿ ಅದೇ ಕೋರ್ಟು ವಿಚಾರಣೆ ವರ್ಷಗಟ್ಟಲೆ ಎಳೆದರೆ ಸಂವಿಧಾನದ 21ನೆಯ ವಿಧಿ ಈ ಬಿಗಿಯನ್ನೂ ಸಡಿಲಿಸುತ್ತದೆ ಎಂದಿತು. 2024ರ ಫೆಬ್ರುವರಿಯಲ್ಲಿ ಗುರ್ವಿಂದರ್ ಸಿಂಗ್ ಪ್ರಕರಣದಲ್ಲಿ ಇನ್ನೊಂದು ಪೀಠವು ಇಂಥ ಕಾಯಿದೆಗಳಲ್ಲಿ ಜೈಲೇ ನಿಯಮ ಎಂಬ ಧಾಟಿಯಲ್ಲಿ ಮಾತಾಡಿತು. ಅದೇ ವರ್ಷದ ಆಗಸ್ಟಿನಲ್ಲಿ ಜಲಾಲುದ್ದೀನ್ ಖಾನ್ ಪ್ರಕರಣದಲ್ಲಿ ಮತ್ತೊಂದು ಪೀಠ ಜಾಮೀನೇ ನಿಯಮವೆಂಬುದು ವಿಶೇಷ ಕಾಯಿದೆಗಳಿಗೂ ಅನ್ವಯ ಎಂದಿತು. ಒಂದೇ ನ್ಯಾಯಾಲಯದ ಪೀಠಗಳು ಹೀಗೆ ಬೇರೆ ಬೇರೆ ದನಿಯಲ್ಲಿ ನುಡಿದರೆ ಜಿಲ್ಲಾ ಮಟ್ಟದ ನ್ಯಾಯಾಧೀಶರು ಸುರಕ್ಷಿತ ದಾರಿಯನ್ನು, ಎಂದರೆ ನಿರಾಕರಣೆಯನ್ನು, ಹಿಡಿಯುವುದು ಆಶ್ಚರ್ಯವಲ್ಲ. ನಮ್ಮ ಗಡಿಯಲ್ಲಿ ಗಾಂಜಾ, ಎಂಡಿಎಂಎ ತಪಾಸಣೆ ಹೆಚ್ಚಿರುವ ಕಾರಣ ಹುಡುಗರು ಗೆಳೆಯನ ಚೀಲವನ್ನು ಕಣ್ಣುಮುಚ್ಚಿ ಹಿಡಿದುಕೊಳ್ಳಬಾರದು ಎಂದು ಹೇಳುವಾಗ ಈ 37ನೆಯ ಕಲಮನ್ನೂ ಹೇಳಿಕೊಡುವುದು ಒಳ್ಳೆಯದು.

ವಿವೇಚನೆಗೆ ಬಿಡದೆ ಕಾಲವೇ ಕೊಡುವ ಹಕ್ಕುಗಳು ಎರಡಿವೆ. ಇವನ್ನು ಪ್ರತಿ ಮನೆಯಲ್ಲೂ ತಿಳಿದಿರಬೇಕು. ಬಂಧಿತನನ್ನು ನ್ಯಾಯಾಂಗ ವಶಕ್ಕೆ ಒಪ್ಪಿಸಿದ ಮೇಲೆ 60 ದಿನಗಳೊಳಗೆ, ಮರಣದಂಡನೆ, ಜೀವಾವಧಿ ಅಥವಾ ಹತ್ತು ವರ್ಷ ಮತ್ತು ಅದಕ್ಕೂ ಹೆಚ್ಚಿನ ಶಿಕ್ಷೆಯ ಅಪರಾಧವಾದರೆ 90 ದಿನಗಳೊಳಗೆ, ಪೊಲೀಸರು ಆರೋಪಪಟ್ಟಿ ಸಲ್ಲಿಸಬೇಕು. ಸಲ್ಲಿಸದಿದ್ದರೆ ಜಾಮೀನು ಹಕ್ಕಾಗುತ್ತದೆ. ವಿಶೇಷ ಕಾಯಿದೆಗಳಲ್ಲಿ ಈ ಅವಧಿ ಉದ್ದ. ಆದರೆ ಹಕ್ಕು ತಾನಾಗಿ ಬಾಗಿಲು ತೆರೆಯುವುದಿಲ್ಲ; ಕೇಳಬೇಕು. ಕೇಳುವ ಮೊದಲು ಆರೋಪಪಟ್ಟಿ ಬಂದುಬಿಟ್ಟರೆ ಹಕ್ಕು ಕಳೆದುಹೋಗುತ್ತದೆ. 61ನೆಯ ದಿನ ಬೆಳಿಗ್ಗೆ ವಕೀಲರು ನ್ಯಾಯಾಲಯದಲ್ಲಿರಬೇಕು ಎನ್ನುವುದು ಇದಕ್ಕಾಗಿ. ಅಸ್ಸಾಮಿನ ರಾಕೇಶ್ ಕುಮಾರ್ ಪಾಲ್ ಪ್ರಕರಣದಲ್ಲಿ 2017ರಲ್ಲಿ ಸುಪ್ರೀಂ ಕೋರ್ಟು, ಬಾಯಿಮಾತಿನಲ್ಲಿ ಕೇಳಿದರೂ ಸಾಕು ಎಂದಿದೆ. ಎರಡನೆಯದು ಹೊಸ ಸಂಹಿತೆಯ 479ನೆಯ ಕಲಮು: ಹಿಂದೆ ಯಾವ ಅಪರಾಧದಲ್ಲಿಯೂ ಶಿಕ್ಷೆಗೊಳಗಾಗದವನು ಗರಿಷ್ಠ ಶಿಕ್ಷೆಯ ಮೂರನೆಯ ಒಂದು ಭಾಗವನ್ನು, ಉಳಿದವರು ಅರ್ಧ ಭಾಗವನ್ನು ವಿಚಾರಣಾಧೀನರಾಗಿಯೇ ಕಳೆದಿದ್ದರೆ ಬಿಡುಗಡೆಗೆ ಅರ್ಹರು. ಮರಣದಂಡನೆ, ಜೀವಾವಧಿಯ ಅಪರಾಧಗಳಿಗೆ ಮತ್ತು ಒಂದಕ್ಕಿಂತ ಹೆಚ್ಚು ಪ್ರಕರಣಗಳು ಬಾಕಿ ಇರುವವರಿಗೆ ಇದು ಅನ್ವಯಿಸದು. ಈ ಕಲಮು ಹಳೆಯ ಕೈದಿಗಳಿಗೂ ಸಲ್ಲುತ್ತದೆ ಎಂದು 2024ರ ಆಗಸ್ಟಿನಲ್ಲಿ ತೀರ್ಮಾನವಾಗಿದೆ.

ಬಂಧನವಾಗಬಹುದೆಂಬ ಭಯವಿದ್ದಾಗ ಮೊದಲೇ ಕೇಳುವ ನಿರೀಕ್ಷಣಾ ಜಾಮೀನಿನ ವಿಷಯದಲ್ಲಿ ಒಂದು ಸ್ಥಳೀಯ ಸಂಗತಿ. ಸೆಷನ್ಸ್ ನ್ಯಾಯಾಲಯವನ್ನು ಬಿಟ್ಟು ನೇರವಾಗಿ ಎರ್ನಾಕುಳಂನ ಹೈಕೋರ್ಟಿಗೆ ಹೋಗುವ ರೂಢಿ ಕೇರಳದಲ್ಲಿ ಬೆಳೆದಿದೆ. 2025ರಲ್ಲಿ ಸುಪ್ರೀಂ ಕೋರ್ಟು ಅದನ್ನು ಪ್ರಶ್ನಿಸಿದೆ. ಕಾಸರಗೋಡಿನವರಿಗೆ ರಾಜ್ಯದ ಆ ತುದಿಗಿಂತ ಜಿಲ್ಲಾ ಕೇಂದ್ರವೇ ಹತ್ತಿರ, ಖರ್ಚೂ ಕಡಿಮೆ. ಅಲ್ಲಿಂದಲೇ ಆರಂಭಿಸುವುದರಲ್ಲಿ ನಷ್ಟವಿಲ್ಲ.

ಈಗ ಆ ಪಹಣಿಯ ಮಾತಿಗೆ ಬರೋಣ. ಜಮೀನು, ಜಾಮೀನು ಎಂಬ ಎರಡು ಶಬ್ದಗಳಿಗೆ ಮೂಲದಲ್ಲಿ ಸಂಬಂಧವಿಲ್ಲ. ಒಂದು ಭೂಮಿಯನ್ನು ಹೇಳುವ ಪಾರಸಿ ಮಾತು, ಇನ್ನೊಂದು ಹೊಣೆಗಾರ ಎಂಬ ಅರ್ಥದ ಅರಬ್ಬಿ ಮೂಲದ್ದು. ಆದರೆ ನ್ಯಾಯಾಲಯದ ಜಗಲಿಯಲ್ಲಿ ಅವು ಒಂದೇ ಆಗಿಬಿಟ್ಟಿವೆ: ಜಮೀನು ಇದ್ದವನಿಗೆ ಜಾಮೀನು. ಹೊಣೆ ನಿಲ್ಲುವವನು ಆರೋಪಿಯನ್ನು ಬಲ್ಲವನಾಗಿರಬೇಕು, ಅವನನ್ನು ವಾಯಿದೆಗೆ ತಪ್ಪದೆ ಕರೆತರುವ ವಜನು ಉಳ್ಳವನಾಗಿರಬೇಕು ಎಂಬುದು ಮೂಲ ಆಶಯ. ಸೋದರಮಾವನಿಗಿಂತ ಹೆಚ್ಚಿನ ವಜನು ಯಾರಿಗಿದ್ದೀತು? ಆದರೆ ಸ್ಥಳೀಯ ಪಹಣಿ ಬೇಕೆಂದಾಗ ಆ ಜಾಗಕ್ಕೆ ಬರುವುದು ಆರೋಪಿಯ ಮುಖವನ್ನೇ ನೋಡದ ಬಾಡಿಗೆ ಜಾಮೀನುದಾರ. ಆ ತಾಯಿಯ ಬಳಿಗೂ ಒಬ್ಬ ಮಧ್ಯವರ್ತಿ ಬಂದಿದ್ದ, 'ಪಹಣಿಯವರನ್ನು ನಾನು ತರುತ್ತೇನೆ, ಇಷ್ಟು ಕೊಡಿ' ಎಂದು. ಕೊಡಲು ಅವರ ಕೈಯಲ್ಲಿ ಹಣವಿರಲಿಲ್ಲ. ಇದ್ದಿದ್ದರೆ ಕೊಡುತ್ತಿದ್ದರು, ನಾವು ತಪ್ಪೆನ್ನುತ್ತಿರಲಿಲ್ಲ.

ಈ ಕಷ್ಟವನ್ನು ಸುಪ್ರೀಂ ಕೋರ್ಟು ದಶಕಗಳ ಹಿಂದೆಯೇ ಕಂಡಿತ್ತು. 1978ರ ಆಗಸ್ಟಿನಲ್ಲಿ ಮಧ್ಯಪ್ರದೇಶದ ಮೋತಿರಾಮ್ ಎಂಬ ಗಾರೆ ಕೆಲಸದವನ ಪ್ರಕರಣ ಬಂತು. ಜಾಮೀನು ಕೊಡಬೇಕೆಂದು ಸುಪ್ರೀಂ ಕೋರ್ಟೇ ಹೇಳಿದ್ದರೂ ಕೆಳಗಿನ ಮ್ಯಾಜಿಸ್ಟ್ರೇಟರು 10,000 ರೂಪಾಯಿಯ ಹೊಣೆ ಕೇಳಿದರು; ಹೊಣೆ ನಿಲ್ಲಲು ಬಂದ ಸಹೋದರನ ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ತಿರಸ್ಕರಿಸಿದರು. ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಆ ಮೊತ್ತವನ್ನು 1,000 ರೂಪಾಯಿಯ ಸ್ವಂತ ಮುಚ್ಚಳಿಕೆಗೆ ಇಳಿಸಿದರು. ಅಷ್ಟಕ್ಕೆ ನಿಲ್ಲಲಿಲ್ಲ. ಮಲಯಾಳಿಯೋ ಕನ್ನಡಿಗನೋ ತಮಿಳನೋ ತೆಲುಗನೋ ದೂರದ ಬಸ್ತರಿನಲ್ಲಿಯೋ ಪೋರ್ಟ್ ಬ್ಲೇರಿನಲ್ಲಿಯೋ ಬಂಧಿತನಾದರೆ ಅಲ್ಲಿ ಆಸ್ತಿಯುಳ್ಳ ಹೊಣೆಗಾರನನ್ನು ಎಲ್ಲಿಂದ ತಂದಾನು ಎಂದು ಆ ತೀರ್ಪಿನಲ್ಲಿ ಕೇಳಿದರು. ನ್ಯಾಯಾಲಯವು ತನ್ನ ಜಿಲ್ಲೆಯವನೇ ಹೊಣೆ ನಿಲ್ಲಬೇಕೆನ್ನುವುದು ಸಮಾನತೆಯ 14ನೆಯ ವಿಧಿಗೆ ವಿರುದ್ಧವೆಂದರು. ದೇಶದ ಯಾವ ಭಾಷೆಯಲ್ಲಿಯಾದರೂ ಅಹವಾಲು ಸಲ್ಲಿಸಲು 350ನೆಯ ವಿಧಿ ಅವಕಾಶ ಕೊಡುತ್ತದೆ ಎಂಬುದನ್ನು ನೆನಪಿಸಿದರು. ಅನ್ಯಭಾಷೆಯ ಪತ್ರವೆಂದು ದೂರ ತಳ್ಳುವುದು ಭಾರತೀಯರನ್ನು ಭಾರತದಲ್ಲಿಯೇ ಪರಕೀಯರನ್ನಾಗಿ ಮಾಡುತ್ತದೆ ಎಂಬುದು ಅವರ ಕಳವಳವಾಗಿತ್ತು.

ಈ ಮಾತನ್ನು ಬರೆದವರು ನಮಗೆ ತೀರ ದೂರದವರಲ್ಲ. ತಲಶ್ಶೇರಿಯಲ್ಲಿ ವಕೀಲರಾಗಿದ್ದವರು, ನಮ್ಮ ದಕ್ಷಿಣ ಕನ್ನಡವೂ ಅವರ ಮಲಬಾರೂ ಒಂದೇ ಮದರಾಸು ಪ್ರಾಂತ್ಯದಲ್ಲಿದ್ದ ಕಾಲ ಅದು. 1948ರಲ್ಲಿ ಸ್ವತಃ ಬಂಧನದ ರುಚಿ ಕಂಡವರು, 1957ರ ಕೇರಳದ ಮೊದಲ ಸರ್ಕಾರದಲ್ಲಿ ಕಾನೂನು, ಗೃಹ, ಬಂದೀಖಾನೆಗಳ ಖಾತೆಗಳನ್ನು ನೋಡಿದವರು. ಕಾಸರಗೋಡು ಕೇರಳಕ್ಕೆ ಸೇರಿದ ಮರುವರ್ಷದ ಸರ್ಕಾರ ಅದು. ನಮ್ಮ ಭಾಷಾ ಅಲ್ಪಸಂಖ್ಯಾತ ಸಂಘಟನೆಗಳು ಶಾಲೆ, ನೌಕರಿ, ಮನವಿಪತ್ರಗಳ ಹೋರಾಟದಲ್ಲಿ ಬಳಸಬಹುದಾದ ಇಂಥ ತೀರ್ಪು ನಮ್ಮ ಸಭೆಗಳಲ್ಲಿ ಅಷ್ಟಾಗಿ ಕೇಳಿಬರುವುದಿಲ್ಲ. ನಾವೂ ಅದನ್ನು ಓದಿದ್ದು ಈ ತಾಯಿ ಬಂದ ಮೇಲೆ. ಅದಕ್ಕೆ ನಾಚಿಕೆಯಿದೆ.

ತೀರ್ಪು ಇದ್ದರೂ ರೂಢಿ ಬದಲಾಗಿರಲಿಲ್ಲ. 2023ರ ಜನವರಿ 31ರಂದು ಸುಪ್ರೀಂ ಕೋರ್ಟು ಮತ್ತೆ ಸೂಚನೆಗಳನ್ನು ಹೊರಡಿಸಬೇಕಾಯಿತು. ಜಾಮೀನು ಸಿಕ್ಕಿ ಏಳು ದಿನಗಳಲ್ಲಿ ಕೈದಿ ಹೊರಗೆ ಹೋಗದಿದ್ದರೆ ಜೈಲು ಅಧೀಕ್ಷಕರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಾರ್ಯದರ್ಶಿಗೆ ತಿಳಿಸಬೇಕು. ಒಂದು ತಿಂಗಳೊಳಗೆ ಮುಚ್ಚಳಿಕೆ ಕೊಡಲಾಗದಿದ್ದರೆ ನ್ಯಾಯಾಲಯ ತಾನಾಗಿಯೇ ಷರತ್ತನ್ನು ಸಡಿಲಿಸುವ ಬಗ್ಗೆ ಯೋಚಿಸಬಹುದು. ಸ್ಥಳೀಯ ಹೊಣೆಗಾರನೇ ಬೇಕೆಂಬ ಹಟ ಬಿಡುಗಡೆಯನ್ನು ತಡೆಯುವಲ್ಲಿ ಅಂಥ ಷರತ್ತು ಹಾಕದಿರುವುದು ಲೇಸು. ಅನೇಕ ರಾಜ್ಯಗಳಲ್ಲಿ 13 ಪ್ರಕರಣಗಳಿದ್ದ ಗಿರೀಶ್ ಗಾಂಧಿ ಎಂಬವರ ವಿಷಯದಲ್ಲಿ 2024ರ ಆಗಸ್ಟಿನಲ್ಲಿ, ಪ್ರತಿ ಪ್ರಕರಣಕ್ಕೂ ಬೇರೆ ಬೇರೆ ಹೊಣೆಗಾರರನ್ನು ಹುಡುಕುವುದು ಮನುಷ್ಯಮಾತ್ರರಿಗೆ ಸಾಧ್ಯವಲ್ಲವೆಂದು ಕಂಡು, ಅದೇ ಹೊಣೆಗಾರರು ಹಲವು ಪ್ರಕರಣಗಳಿಗೆ ನಿಲ್ಲಲು ಬಿಟ್ಟಿತು.

ಈ ಕಷ್ಟ ಕಾಸರಗೋಡಿನದು ಮಾತ್ರವಲ್ಲ. ಅಕ್ಕಲಕೋಟೆ, ಜತ್ತ ಕಡೆಯವರ ಕೈಯಲ್ಲಿರುವುದು ಮರಾಠಿಯ ಸಾತ್‌ಬಾರಾ ಉತಾರ. ಅವರ ದುಡಿಮೆ, ಬಂಧುಬಳಗ ವಿಜಯಪುರ, ಕಲಬುರಗಿಯಲ್ಲಿ. ತಾಳವಾಡಿಯವರ ಪಟ್ಟಾ, ಚಿಟ್ಟಾ ತಮಿಳಿನಲ್ಲಿ. ಅವರ ಸಂತೆ ಚಾಮರಾಜನಗರದಲ್ಲಿ, ಜಿಲ್ಲಾ ಕೇಂದ್ರವಾದ ಈರೋಡಿಗೆ ಹೋಗಬೇಕಾದರೆ ದಿಂಬಂ ಘಾಟಿಯ 27 ತಿರುವುಗಳನ್ನು ಇಳಿಯಬೇಕು. ಮಡಕಶಿರ, ರಾಯದುರ್ಗದವರ ಪಾಸ್‌ಪುಸ್ತಕ ತೆಲುಗಿನಲ್ಲಿ. ಗಡಿಯ ಎರಡೂ ಕಡೆ ಬದುಕು ಇರುವವನಿಗೆ ಎರಡೂ ಕಡೆ ಆಸ್ತಿ ಇರುವುದಿಲ್ಲ.

ಭಾಷೆಯ ವಿಷಯದಲ್ಲಿ ಒಂದು ಒಳ್ಳೆಯ ಬೆಳವಣಿಗೆಯಾಗಿದೆ. ಬಂಧನದ ಕಾರಣಗಳನ್ನು ತಿಳಿಸಬೇಕೆಂದು ಸಂವಿಧಾನದ 22ನೆಯ ವಿಧಿ ಹೇಳುತ್ತದೆ. ಯಾವ ಭಾಷೆಯಲ್ಲಿ ಎಂಬ ಪ್ರಶ್ನೆಗೆ ಮುಂಜಾಗ್ರತಾ ಬಂಧನದ ಹರಿಕಿಶನ್ ಪ್ರಕರಣದಲ್ಲಿ 1962ರಲ್ಲಿಯೇ, ಬಂಧಿತನಿಗೆ ತಿಳಿಯುವ ಭಾಷೆಯಲ್ಲಿ ಎಂಬ ಉತ್ತರ ಬಂದಿತ್ತು. ಮುಂಬಯಿಯ ಮಿಹಿರ್ ಶಾ ಪ್ರಕರಣದ 2025ರ ನವೆಂಬರ್ 6ರ ತೀರ್ಪು ಇದನ್ನು ಎಲ್ಲ ಅಪರಾಧಗಳಿಗೂ ವಿಸ್ತರಿಸಿದೆ: ಕಾರಣಗಳನ್ನು ಬರಹದಲ್ಲಿ, ಬಂಧಿತನಿಗೆ ಅರ್ಥವಾಗುವ ಭಾಷೆಯಲ್ಲಿ ಕೊಡಬೇಕು. ತಕ್ಷಣ ಆಗದಿದ್ದರೆ ಬಾಯಿಮಾತಿನಲ್ಲಿ ಹೇಳಿ, ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸುವ ಕನಿಷ್ಠ ಎರಡು ಗಂಟೆ ಮೊದಲು ಬರಹವನ್ನು ಕೈಗೆ ಕೊಡಬೇಕು. ಕೊಡದಿದ್ದರೆ ಮುಂದಿನ ಬಂಧನಗಳು ಕಾನೂನುಬಾಹಿರವಾಗುತ್ತವೆ. ಮೂರೇ ತಿಂಗಳ ಹಿಂದೆ ದರ್ಶನ್ ತೀರ್ಪಿನಲ್ಲಿ, ಬರಹ ಕೊಡದಿದ್ದುದರಿಂದ ನಿಜವಾಗಿ ತೊಂದರೆಯಾಯಿತೆಂದು ತೋರಿಸಬೇಕು ಎಂಬ ನಿಲುವು ಬಂದಿತ್ತು ಎಂಬುದನ್ನು ನೋಡಿದರೆ ಇದು ದೊಡ್ಡ ಹೆಜ್ಜೆ. ನಮ್ಮಲ್ಲಿ ಮಲಯಾಳ ಕೇಳಿದರೆ ತಿಳಿಯುವವರು ಬಹಳ, ಓದಬಲ್ಲವರು ಕಡಿಮೆ. ಠಾಣೆಯಲ್ಲಿ 'ಮಲಯಾಳ ಗೊತ್ತಲ್ಲ?' ಎಂದು ಕೇಳಿದಾಗ ನಮ್ಮವರು ಸಂಕೋಚದಿಂದ ತಲೆಯಾಡಿಸಿ ಸಹಿ ಹಾಕುತ್ತಾರೆ. 'ಮಾತು ತಿಳಿಯುತ್ತದೆ, ಓದಲು ಬರುವುದಿಲ್ಲ, ಕನ್ನಡದಲ್ಲಿ ಕೊಡಿ' ಎಂದು ಹೇಳಲು ಹಕ್ಕಿದೆ. ವಿಚಾರಣೆಯಲ್ಲಿಯೂ ಆರೋಪಿಗೆ ಅರ್ಥವಾಗದ ಭಾಷೆಯ ಸಾಕ್ಷ್ಯವನ್ನು ತೆರೆದ ನ್ಯಾಯಾಲಯದಲ್ಲಿ ಅವನ ಭಾಷೆಗೆ ಅನುವಾದಿಸಿ ಹೇಳಬೇಕೆಂಬ ನಿಯಮ ಹಳೆಯ ಸಂಹಿತೆಯಲ್ಲಿಯೂ ಇತ್ತು, ಹೊಸದರಲ್ಲಿಯೂ ಇದೆ.

ಹದಿನೆಂಟು ತುಂಬದ ಮಕ್ಕಳಿಗೆ ಇದಾವುದೂ ಅನ್ವಯಿಸದು. 2015ರ ಬಾಲನ್ಯಾಯ ಕಾಯಿದೆಯ 12ನೆಯ ಕಲಮಿನಂತೆ ಅಪರಾಧ ಜಾಮೀನು ಸಹಿತವೋ ರಹಿತವೋ ಎಂದು ನೋಡದೆ ಮಗುವನ್ನು ಬಿಡಬೇಕು. ದುಷ್ಟ ಸಹವಾಸಕ್ಕೆ ಬೀಳುವ ಅಪಾಯದಂಥ ಕೆಲವು ಕಾರಣಗಳಿದ್ದರೆ ಮಾತ್ರ ತಡೆಯಬಹುದು, ಆಗಲೂ ಲಾಕಪ್ಪಿನಲ್ಲಿ ಇಡುವಂತಿಲ್ಲ. ವಯಸ್ಸಿಗೆ ಮೊದಲ ದಾಖಲೆ ಶಾಲೆಯ ಜನನ ದಿನಾಂಕ. ದಾಖಲಾತಿಯ ದಿನ ಅಂದಾಜಿನ ತಾರೀಕು ಹೇಳುವ ತಂದೆತಾಯಿ ಇದನ್ನು ನೆನಪಿಡಬೇಕು.

ಬಂಧನದಲ್ಲಿರುವ ಯಾರಿಗೇ ಆಗಲಿ, ಆದಾಯ ಎಷ್ಟೇ ಇರಲಿ, ಉಚಿತ ವಕೀಲರನ್ನು ಪಡೆಯುವ ಹಕ್ಕು 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಯಿಂದ ಬಂದಿದೆ. ಮಹಿಳೆಯರಿಗೆ, ಮಕ್ಕಳಿಗೆ, ಪರಿಶಿಷ್ಟರಿಗೆ ಬಂಧನವಿಲ್ಲದೆಯೂ ಇದೆ. ದೂರವಾಣಿ ಸಂಖ್ಯೆ 15100. ಉಚಿತ ವಕೀಲರೆಂದರೆ ಅಸಡ್ಡೆಯ ವಕೀಲರು ಎಂಬ ಭಾವನೆ ನಮ್ಮಲ್ಲಿದೆ. ಕೆಲವೊಮ್ಮೆ ಅದು ನಿಜವೂ ಆಗಿದೆ. ಆ ಹುಡುಗನ ವಿಷಯದಲ್ಲಿ ಮಾತ್ರ ಬಾಗಿಲು ತೆರೆಸಿದ್ದು ಪ್ರಾಧಿಕಾರದಿಂದ ನೇಮಕವಾದ ಒಬ್ಬ ಕಿರಿಯ ವಕೀಲೆ. ಹಣ ಪಡೆದಿದ್ದ ಮೊದಲ ವಕೀಲರು ಪಹಣಿ ತನ್ನಿ ಎಂದಷ್ಟೇ ಹೇಳಿದ್ದರು. ಈಕೆ ಮೋತಿರಾಮ್ ತೀರ್ಪನ್ನೂ 2023ರ ಸೂಚನೆಗಳನ್ನೂ ಹಚ್ಚಿ, 'ಸ್ಥಳೀಯ' ಎಂಬ ಪದವನ್ನು ಆದೇಶದಿಂದ ತೆಗೆಯಬೇಕೆಂದು ಒಂದೂವರೆ ಪುಟದ ಅರ್ಜಿ ಹಾಕಿದರು. ರಸೀದಿಯ ಕನ್ನಡ ಅನುವಾದವನ್ನು ನಾವು ಬರೆದುಕೊಟ್ಟೆವು. ನೋಟರಿಯ ಮೊಹರು ಬಿತ್ತು. ನ್ಯಾಯಾಧೀಶರು ಅರ್ಜಿಯನ್ನು ಒಪ್ಪಿದರು. ಮೂವತ್ತೊಂದನೆಯ ದಿನ ಸಂಜೆ ಹುಡುಗ ಹೊರಬಂದ. ಅಂಗಡಿಯವರು ಅಷ್ಟರಲ್ಲಿ ಬೇರೆಯವನನ್ನು ಇಟ್ಟುಕೊಂಡಿದ್ದರು.

ಪ್ರಕರಣ ಇನ್ನೂ ಮುಗಿದಿಲ್ಲ. ತಿಂಗಳಿಗೊಮ್ಮೆ ವಾಯಿದೆ ಇದೆ, ಅವನು ಬೆಳಗಿನ ಮೊದಲ ಬಸ್ಸಿಗೆ ಹೋಗಿ ಹಾಜರಿ ಕೊಟ್ಟು ಬರುತ್ತಾನೆ. ಒಮ್ಮೆಯೂ ತಪ್ಪಿಸಿಲ್ಲ. ವಾಯಿದೆಯ ಹಿಂದಿನ ರಾತ್ರಿ ಸೋದರಮಾವ ಅವನನ್ನು ತಮ್ಮ ಮನೆಯಲ್ಲಿಯೇ ಮಲಗಿಸಿಕೊಳ್ಳುತ್ತಾರಂತೆ.